ಚಿರೋಟಿ

ಚಿರೋಟಿಯು ಕರ್ನಾಟಕ ಮತ್ತು ಮಹಾರಾಷ್ಟ್ರಗಳಲ್ಲಿ ಮದುವೆ, ಹಬ್ಬ ಹಾಗೂ ಇತರ ಶುಭಕಾರ್ಯಗಳ ಊಟಕ್ಕೆ ತಯಾರಿಸುವ, ಪದರಪದರವಾಗಿ ಬಿಚ್ಚಿಕೊಳ್ಳುವ ಒಂದು ಸಿಹಿತಿಂಡಿ. ಸಣ್ಣ ರವೆ ಅಥವಾ ಮೈದಾಹಿಟ್ಟಿನ ಕಣಕವನ್ನು ತೆಳುವಾಗಿ ಲಟ್ಟಿಸಿ, ಹಾಳೆಗಳ ನಡುವೆ ತುಪ್ಪ ಮತ್ತು ಅಕ್ಕಿಹಿಟ್ಟಿನ ಲೇಪವನ್ನು ಸವರಿ, ಸುರುಳಿ ಸುತ್ತಿ, ಕತ್ತರಿಸಿ, ಮತ್ತೆ ಹಗುರವಾಗಿ ಲಟ್ಟಿಸಿ ಕರಿದು ಇದನ್ನು ಸಿದ್ಧಪಡಿಸುತ್ತಾರೆ. ಕರಿದ ಚಿರೋಟಿಯ ಮೇಲೆ ಪುಡಿಸಕ್ಕರೆಯನ್ನು ಉದುರಿಸಿ, ಕರ್ನಾಟಕದಲ್ಲಿ ಸಾಮಾನ್ಯವಾಗಿ ಬಾದಾಮಿ ಹಾಲಿನೊಂದಿಗೆ ಬಡಿಸುತ್ತಾರೆ. ರೂಢಿಯ ವಿಧಾನದಲ್ಲಿ ಇದರ ಕಣಕಕ್ಕೆ ಸಕ್ಕರೆ, ಬೆಲ್ಲ ಯಾವುದೂ ಸೇರುವುದಿಲ್ಲ. ಒಳಗೆ ಹೂರಣವೂ ಇರುವುದಿಲ್ಲ. ಆದ್ದರಿಂದ ಈ ತಿನಿಸಿನ ಗುಣವೆಲ್ಲ ಅದರ ಪದರಗಳಲ್ಲಿಯೇ ಇದೆ ಎನ್ನಬಹುದು. ಪದರ ಬಿಡದ ಚಿರೋಟಿ ಸಪ್ಪೆ ಪೂರಿಗಿಂತ ಹೆಚ್ಚಿನದೇನೂ ಅಲ್ಲ.

ಹೆಸರು

ಮರಾಠಿಯಲ್ಲಿ ಈ ತಿನಿಸನ್ನು ‘ಚಿರೋಟೆ’ ಎಂದು ಬಹುವಚನದಲ್ಲಿ ಕರೆಯುವುದು ವಾಡಿಕೆ. ಕರ್ನಾಟಕದ ಹಲವೆಡೆ ‘ಫೇಣಿ’, ‘ಪೇಣಿ’, ‘ಪದರ ಪೇಣಿ’ ಎಂಬ ಹೆಸರುಗಳೂ ಬಳಕೆಯಲ್ಲಿವೆ. ಇವುಗಳ ನಡುವಿನ ಗಡಿ ಎಲ್ಲ ಕಡೆ ಒಂದೇ ರೀತಿಯಾಗಿಲ್ಲ. ಒಂದು ಮನೆಯವರು ಚಿರೋಟಿ ಎನ್ನುವುದನ್ನೇ ಇನ್ನೊಂದು ಮನೆಯವರು ಪೇಣಿ ಎನ್ನುವುದುಂಟು. ಉತ್ತರ ಭಾರತದ ಫೇಣಿ ಮಾತ್ರ ಇದಕ್ಕಿಂತ ಸ್ಪಷ್ಟವಾಗಿ ಭಿನ್ನವಾದುದು. ಗುಜರಾತ್ ಮತ್ತು ರಾಜಸ್ಥಾನಗಳ ಫೇಣಿಯಲ್ಲಿ ಕಣಕವನ್ನು ಹಾಳೆಯಾಗಿ ಲಟ್ಟಿಸುವ ಬದಲು ಎಳೆದು, ಮಡಿಸಿ, ಮತ್ತೆ ಎಳೆದು ನೂಲಿನಂತಹ ಎಳೆಗಳನ್ನಾಗಿ ಮಾಡುತ್ತಾರೆ. ಚಿರೋಟಿಯಲ್ಲಿ ಹಾಳೆ ಕೊನೆಯವರೆಗೂ ಹಾಳೆಯಾಗಿಯೇ ಉಳಿಯುತ್ತದೆ.

ತಿನಿಸಿನ ಹೆಸರು ಅದರ ಮುಖ್ಯ ಪದಾರ್ಥಕ್ಕೂ ಅಂಟಿಕೊಂಡಿರುವುದು ಗಮನಾರ್ಹ. ಕರ್ನಾಟಕದ ದಿನಸಿ ಅಂಗಡಿಗಳಲ್ಲಿ ಗೋಧಿ ರವೆಯನ್ನು ಬನ್ಸಿ ರವೆ, ಬಾಂಬೆ ರವೆ, ಚಿರೋಟಿ ರವೆ ಎಂದು ವಿಂಗಡಿಸಿ ಮಾರುತ್ತಾರೆ. ಇವುಗಳಲ್ಲಿ ಅತ್ಯಂತ ಸಣ್ಣದು ಚಿರೋಟಿ ರವೆ. ಇದನ್ನು ಹೋಳಿಗೆಯ ಕಣಕಕ್ಕೂ ವ್ಯಾಪಕವಾಗಿ ಬಳಸುವುದರಿಂದ, ಒಮ್ಮೆಯೂ ಚಿರೋಟಿ ಮಾಡದ ಮನೆಗಳಲ್ಲಿಯೂ ಚಿರೋಟಿ ರವೆಯ ಡಬ್ಬಿ ಇರುತ್ತದೆ.

ಇತಿಹಾಸ

ಪದರುಳ್ಳ ಕರಿದ ಗೋಧಿಯ ತಿನಿಸು ಭಾರತದಲ್ಲಿ ಹಳೆಯದು. ಸುಶ್ರುತಸಂಹಿತೆಯಲ್ಲಿ ಹೇಳಿರುವ ಭಕ್ಷ್ಯಗಳಲ್ಲಿ ‘ಫೇನಕ’ ಎಂಬ ಹೆಸರಿದೆ. ‘ಫೇನ’ ಎಂದರೆ ನೊರೆ. ಹಗುರವಾಗಿ ಉಬ್ಬಿ, ಮುಟ್ಟಿದರೆ ಪುಡಿಯಾಗುವ ತಿನಿಸಿಗೆ ಇದು ಒಪ್ಪುವ ಹೆಸರು. ಆದರೆ ಹೆಸರೊಂದರಿಂದಲೇ ಆ ಕಾಲದ ಫೇನಕವೂ ಇಂದಿನ ಫೇಣಿಯೂ ಒಂದೇ ಎಂದು ತೀರ್ಮಾನಿಸಲಾಗದು.

ತಯಾರಿಕೆಯ ವಿವರ ಸ್ಪಷ್ಟವಾಗಿ ದೊರೆಯುವುದು 16ನೆಯ ಶತಮಾನದ ಭಾವಮಿಶ್ರನ ‘ಭಾವಪ್ರಕಾಶ’ ಎಂಬ ವೈದ್ಯಗ್ರಂಥದಲ್ಲಿ. ಅದರಲ್ಲಿ ಹೇಳಿರುವ ‘ಫೇನಿಕಾ’ ಎಂಬ ತಿನಿಸಿಗೆ ನಯವಾದ ಗೋಧಿಹಿಟ್ಟಿನ ಕಣಕವನ್ನು ಲಟ್ಟಿಸಿ, ಪದರಗಳಾಗುವಂತೆ ಲೇಪ ಹಚ್ಚಿ, ಕತ್ತರಿಸಿ, ತುಪ್ಪದಲ್ಲಿ ಕರಿದು ಸಕ್ಕರೆ ಸೇರಿಸುವ ಕ್ರಮವಿದೆ. ಅಕ್ಕಿಹಿಟ್ಟು, ತುಪ್ಪ ಮತ್ತು ನೀರನ್ನು ಬೆರೆಸಿದ ಆ ಲೇಪಕ್ಕೆ ‘ಸಟ್ಟಕ’ ಎಂಬ ಹೆಸರನ್ನು ಗ್ರಂಥವೇ ಕೊಡುತ್ತದೆ. ಇಂದು ಚಿರೋಟಿಗೆ ಹಚ್ಚುವ ಲೇಪವನ್ನು ಕನ್ನಡದಲ್ಲಿ ‘ಸಾಟಿ’ ಎಂದೂ ಮರಾಠಿಯಲ್ಲಿ ‘ಸಾಟಾ’ ಎಂದೂ ಕರೆಯುತ್ತಾರೆ. ಹೆಸರು, ಪದಾರ್ಥ, ಉಪಯೋಗ ಮೂರೂ ಹೊಂದಿಕೆಯಾಗುವುದರಿಂದ ಚಿರೋಟಿಯನ್ನು ಫೇನಿಕೆಯ ಬಳಗಕ್ಕೆ ಸೇರಿಸಲು ಇದು ಬಲವಾದ ಆಧಾರವಾಗಿದೆ.

ಕನ್ನಡನಾಡಿನಲ್ಲಿ ಗೋಧಿ ಮತ್ತು ಹಾಲಿನ ಭಕ್ಷ್ಯಗಳ ವಿವರಗಳು ಇದಕ್ಕೂ ಹಿಂದಿನವು. ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರನು 12ನೆಯ ಶತಮಾನದ ಮೊದಲರ್ಧದಲ್ಲಿ ರಚಿಸಿದ ಸಂಸ್ಕೃತ ಗ್ರಂಥ ‘ಮಾನಸೋಲ್ಲಾಸ’ದ ಅನ್ನಭೋಗ ಎಂಬ ಭಾಗದಲ್ಲಿ ಮಂಡಿಗೆ, ಹೋಳಿಗೆ ಮುಂತಾದವುಗಳ ಪೂರ್ವರೂಪಗಳನ್ನು ಗುರುತಿಸಬಹುದು. ಕಾಯಿಸಿದ ಹಾಲಿಗೆ ಹುಳಿ ಸೇರಿಸಿ ಒಡೆಸಿ, ಬಟ್ಟೆಯಲ್ಲಿ ಸೋಸಿ, ಉಳಿದ ಗಟ್ಟಿಗೆ ಅಕ್ಕಿಹಿಟ್ಟು ಬೆರೆಸಿ ಕರಿದು ಸಕ್ಕರೆಯೊಂದಿಗೆ ಸೇವಿಸುವ ಸಿಹಿಯೊಂದನ್ನು ಸಹ ಅದು ವಿವರಿಸುತ್ತದೆ. ಒಡೆದ ಹಾಲು ಭಾರತದ ಬಹುಭಾಗದಲ್ಲಿ ಶುಭಕಾರ್ಯಗಳಿಗೆ ವರ್ಜ್ಯವೆಂದು ಭಾವಿಸಲಾಗಿತ್ತೆಂಬ ಸಾಮಾನ್ಯ ಹೇಳಿಕೆಯ ಎದುರಿಗೆ ಇದೊಂದು ಮಹತ್ವದ ದಾಖಲೆ. ಗ್ರಂಥ ಹುಟ್ಟಿದ ಕಲ್ಯಾಣವು ಇಂದಿನ ಬೀದರ್ ಜಿಲ್ಲೆಯ ಬಸವಕಲ್ಯಾಣ. ಹಾಲನ್ನು ಒಡೆಸಿ ಸಿಹಿ ಮಾಡುವ ಈ ಕ್ರಮ ಆ ಪ್ರದೇಶದ ಹಬ್ಬದಡುಗೆಯಲ್ಲಿ ಮುಖ್ಯವಾಗಿ ಉಳಿದುಬಂದಿಲ್ಲ.

ಮೂರನೆಯ ಮಂಗರಸನು 16ನೆಯ ಶತಮಾನದ ಆರಂಭದಲ್ಲಿ ಕನ್ನಡದಲ್ಲಿ ಬರೆದ ‘ಸೂಪಶಾಸ್ತ್ರ’ದಲ್ಲಿಯೂ ಹಿಟ್ಟಿನ ತಿನಿಸುಗಳಿಗೇ ಮೀಸಲಾದ ಅಧ್ಯಾಯವಿದೆ.

ಪದಾರ್ಥಗಳು

ಕಣಕಕ್ಕೆ ಚಿರೋಟಿ ರವೆ, ಮೈದಾ ಅಥವಾ ಇವೆರಡರ ಮಿಶ್ರಣ, ಸ್ವಲ್ಪ ಬಿಸಿ ತುಪ್ಪ, ಚಿಟಿಕೆ ಉಪ್ಪು ಮತ್ತು ನೀರು ಬೇಕು. ಕೆಲವರು ನೀರಿಗೆ ಬದಲಾಗಿ ಹಾಲನ್ನು ಬಳಸುತ್ತಾರೆ. ರವೆಯಿಂದ ಮಾಡಿದ ಚಿರೋಟಿ ಹೆಚ್ಚು ಗರಿಗರಿಯಾಗಿಯೂ ಮೈದಾದಿಂದ ಮಾಡಿದುದು ಹೆಚ್ಚು ನಯವಾಗಿಯೂ ಇರುತ್ತದೆ. ರವೆಯ ಕಣಕವನ್ನು ಸಿದ್ಧಪಡಿಸುವುದು ಶ್ರಮದ ಕೆಲಸ. ರವೆಯ ಕಣಗಳು ನೀರನ್ನು ನಿಧಾನವಾಗಿ ಹೀರಿಕೊಳ್ಳುವುದರಿಂದ ಕಲಸಿದ ಮೇಲೆ ಕನಿಷ್ಠ ಒಂದು ಗಂಟೆ ಮುಚ್ಚಿಟ್ಟು, ನಂತರ ಬಹಳ ಹೊತ್ತು ನಾದಬೇಕಾಗುತ್ತದೆ. ಹಿಂದೆ ಈ ಕಣಕವನ್ನು ಒರಳಿಗೆ ಹಾಕಿ ಕುಟ್ಟಿ ಹದಗೊಳಿಸುತ್ತಿದ್ದರು. ಕುಟ್ಟುವುದರಿಂದ ಗೋಧಿಯ ಗ್ಲುಟೆನ್ ಎಂಬ ಸಸಾರಜನಕದ ಜಾಲ ಬಲಗೊಂಡು, ಕಣಕವನ್ನು ಹರಿಯದಂತೆ ಅತಿ ತೆಳುವಾಗಿ ಎಳೆಯಲು ಸಾಧ್ಯವಾಗುತ್ತದೆ.

ಕಣಕಕ್ಕೆ ಸೇರಿಸುವ ಬಿಸಿ ತುಪ್ಪ ಇದಕ್ಕೆ ವಿರುದ್ಧವಾದ ಕೆಲಸ ಮಾಡುತ್ತದೆ. ಅದು ಹಿಟ್ಟಿನ ಕಣಗಳನ್ನು ಆವರಿಸಿ ಗ್ಲುಟೆನ್ ಅತಿಯಾಗಿ ಬಿಗಿಯಾಗದಂತೆ ತಡೆಯುತ್ತದೆ. ತುಪ್ಪ ಕಡಿಮೆಯಾದರೆ ಚಿರೋಟಿ ತೊಗಲಿನಂತಾಗುತ್ತದೆ. ಹೆಚ್ಚಾದರೆ ಹಾಳೆ ಲಟ್ಟಿಸುವಾಗಲೇ ಹರಿಯುತ್ತದೆ, ಬಾಣಲೆಯಲ್ಲಿ ಒಡೆದು ಚೂರಾಗುತ್ತದೆ. ಒಂದು ಬಟ್ಟಲು ಹಿಟ್ಟಿಗೆ ಎರಡು ದೊಡ್ಡ ಚಮಚದಷ್ಟು ತುಪ್ಪ ಎಂಬುದು ಮನೆಯಡುಗೆಯ ಸಾಮಾನ್ಯ ಅಳತೆ. ಕಣಕವು ಪೂರಿಯ ಹಿಟ್ಟಿನಂತೆ ಗಟ್ಟಿಯಾಗಿರಬೇಕು, ಹೋಳಿಗೆಯ ಕಣಕದಂತೆ ಸಡಿಲವಾಗಿರಬಾರದು.

ಸಾಟಿ ಎಂದರೆ ಗಟ್ಟಿ ತುಪ್ಪ ಮತ್ತು ಅಕ್ಕಿಹಿಟ್ಟನ್ನು ಬೆಣ್ಣೆಯಂತೆ ಬೆಳ್ಳಗಾಗುವವರೆಗೆ ಅಂಗೈಯಿಂದ ತಿಕ್ಕಿ ಮಾಡಿದ ಲೇಪ. ಅಕ್ಕಿಹಿಟ್ಟಿಗೆ ಬದಲಾಗಿ ಜೋಳದ ಪಿಷ್ಟವನ್ನು, ಅಂದರೆ ಅಂಗಡಿಗಳಲ್ಲಿ ಕಾರ್ನ್‌ಫ್ಲೋರ್ ಎಂದು ಮಾರುವ ಮೆಕ್ಕೆಜೋಳದ ಹಿಟ್ಟನ್ನು, ಬಳಸುವುದೂ ಇದೆ. ಸಾಟಿಯಲ್ಲಿ ಅಕ್ಕಿಹಿಟ್ಟಿನ ಪಾತ್ರ ಮೇಲ್ನೋಟಕ್ಕೆ ಕಾಣುವುದಕ್ಕಿಂತ ದೊಡ್ಡದು. ಬರಿಯ ತುಪ್ಪ ಸವರಿದರೆ ಲಟ್ಟಿಸುವ ಒತ್ತಡಕ್ಕೆ ಅದು ಅಂಚುಗಳಿಂದ ಹೊರಬರುತ್ತದೆ ಅಥವಾ ಕಣಕದೊಳಗೆ ಇಳಿದುಹೋಗುತ್ತದೆ, ಹಾಳೆಗಳು ಒಂದಕ್ಕೊಂದು ಅಂಟುತ್ತವೆ. ಅಕ್ಕಿಹಿಟ್ಟು ತುಪ್ಪವನ್ನು ಹಿಡಿದಿಟ್ಟುಕೊಳ್ಳುತ್ತದೆ. ಅದರಲ್ಲಿ ಗ್ಲುಟೆನ್ ಇಲ್ಲದ ಕಾರಣ ಎರಡು ಹಾಳೆಗಳ ನಡುವೆ ಬೆಸುಗೆಯಾಗುವುದನ್ನೂ ತಡೆಯುತ್ತದೆ.

ತಯಾರಿಸುವ ವಿಧಾನ

ನಾದಿದ ಕಣಕವನ್ನು ಸಮನಾದ ಉಂಡೆಗಳನ್ನಾಗಿ ಮಾಡಿ, ಒಂದೊಂದನ್ನೂ ಆದಷ್ಟು ತೆಳುವಾದ ಹಾಳೆಯಾಗಿ ಲಟ್ಟಿಸುತ್ತಾರೆ. ಮೊದಲ ಹಾಳೆಯ ಮೇಲೆ ಸಾಟಿಯನ್ನು ಅಂಚಿನವರೆಗೆ ಸವರಿ ಅದರ ಮೇಲೆ ಎರಡನೆಯದನ್ನು ಹಾಸಿ, ಅದಕ್ಕೂ ಸಾಟಿ ಹಚ್ಚಿ, ಹೀಗೆ ಮೂರರಿಂದ ಐದು ಹಾಳೆಗಳನ್ನು ಒಂದರ ಮೇಲೊಂದು ಇಡುತ್ತಾರೆ. ನಂತರ ಒಂದು ತುದಿಯಿಂದ ಗಾಳಿ ಉಳಿಯದಂತೆ ಬಿಗಿಯಾಗಿ ಸುತ್ತಿ ಕೋಲಿನಾಕಾರದ ಸುರುಳಿ ಮಾಡುತ್ತಾರೆ. ಸುತ್ತು ಸಡಿಲವಾದರೆ ಎಣ್ಣೆಯಲ್ಲಿ ಸುರುಳಿ ಬಿಚ್ಚಿ ರಿಬ್ಬನ್ನಿನಂತೆ ಹರಡಿಕೊಳ್ಳುತ್ತದೆ. ಕೊನೆಯ ಅಂಚಿಗೆ ನೀರು ಸವರಿ ಅಂಟಿಸುವುದು ಇದಕ್ಕಾಗಿಯೇ.

ಸುರುಳಿಯನ್ನು ಅರ್ಧ ಅಂಗುಲದಿಂದ ಒಂದು ಅಂಗುಲದಷ್ಟು ದಪ್ಪದ ತುಂಡುಗಳನ್ನಾಗಿ ಹರಿತವಾದ ಚಾಕುವಿನಿಂದ ಕತ್ತರಿಸುತ್ತಾರೆ. ಮೊಂಡು ಚಾಕು ಪದರಗಳನ್ನು ಒತ್ತಿ ಒಂದು ಮಾಡಿಬಿಡುತ್ತದೆ. ಇಲ್ಲಿಂದ ಮುಂದೆ ಎರಡು ರೂಢಿಗಳಿವೆ. ಕತ್ತರಿಸಿದ ಮುಖವನ್ನು ಮೇಲಕ್ಕಿಟ್ಟು ಅಂಗೈಯಿಂದ ಒತ್ತಿ ಲಟ್ಟಿಸಿದರೆ ವೃತ್ತಾಕಾರದ ಚಿರೋಟಿಯಾಗುತ್ತದೆ. ಅದರ ಮೇಲೆ ಸುರುಳಿಯ ಸುತ್ತುಗಳು ಗುಲಾಬಿ ಹೂವಿನಂತೆ ಕಾಣುತ್ತವೆ. ಕತ್ತರಿಸಿದ ಮುಖಗಳು ಪಕ್ಕಕ್ಕೆ ಬರುವಂತೆ ಮಲಗಿಸಿ ಲಟ್ಟಿಸಿದರೆ ಆಯತಾಕಾರದ್ದಾಗಿ, ಎರಡು ಅಂಚುಗಳಲ್ಲಿ ಪುಸ್ತಕದ ಹಾಳೆಗಳಂತೆ ಪದರಗಳು ತೆರೆದುಕೊಳ್ಳುತ್ತವೆ. ಕರ್ನಾಟಕದ ಮದುವೆಯೂಟದಲ್ಲಿ ವೃತ್ತಾಕಾರದ್ದೇ ಹೆಚ್ಚು ಪರಿಚಿತ. ಎರಡರಲ್ಲಿಯೂ ಲಟ್ಟಣಿಗೆಯನ್ನು ಒಂದೆರಡು ಸಲವಷ್ಟೇ, ಭಾರ ಹಾಕದೆ ಆಡಿಸಬೇಕು. ಅಲ್ಲಿಯವರೆಗೆ ಕಟ್ಟಿದ ಪದರಗಳು ಹಾಳಾಗುವುದು ಸಾಮಾನ್ಯವಾಗಿ ಈ ಕೊನೆಯ ಲಟ್ಟಣೆಯಲ್ಲಿ.

ಬೇಸಿಗೆಯಲ್ಲಿ ಸಾಟಿ ಕರಗಿ ಸುರುಳಿ ಜಾರುವುದರಿಂದ ಕತ್ತರಿಸುವ ಮೊದಲು ತಂಪಾದ ಕಡೆ ಇಡುವುದು ಒಳ್ಳೆಯದು. ಈಗ ಶೀತಕಪೆಟ್ಟಿಗೆ ಈ ಕೆಲಸವನ್ನು ಸುಲಭಗೊಳಿಸಿದೆ. ಲಟ್ಟಿಸಿದ ಹಾಳೆಗಳನ್ನೂ ಕತ್ತರಿಸಿದ ತುಂಡುಗಳನ್ನೂ ಒದ್ದೆ ಬಟ್ಟೆಯಿಂದ ಮುಚ್ಚಿಡಬೇಕು. ಮೇಲ್ಮೈ ಒಣಗಿದರೆ ಕರಿಯುವಾಗ ಬಿರುಕು ಬಿಡುತ್ತದೆ.

ಕರಿಯುವ ಹದ

ಚಿರೋಟಿಯನ್ನು ಸಣ್ಣ ಉರಿಯಲ್ಲಿ, ಪೂರಿಗೆ ಬೇಕಾಗುವುದಕ್ಕಿಂತ ಬಹಳ ಕಡಿಮೆ ಬಿಸಿಯಲ್ಲಿ ಕರಿಯುತ್ತಾರೆ. ಎಣ್ಣೆ ಸುಮಾರು 150ರಿಂದ 160 ಡಿಗ್ರಿ ಸೆಲ್ಸಿಯಸ್‌ನಷ್ಟು ಕಾದಿದ್ದರೆ ಸಾಕು. ಉಷ್ಣಮಾಪಕವಿಲ್ಲದ ಅಡುಗೆಮನೆಯಲ್ಲಿ ಕಣಕದ ಚೂರೊಂದನ್ನು ಹಾಕಿ ನೋಡುತ್ತಾರೆ. ಅದು ತಳದಿಂದ ನಿಧಾನವಾಗಿ ಗುಳ್ಳೆಗಳೊಂದಿಗೆ ಮೇಲೆ ಬಂದರೆ ಹದ ಸರಿಯಾಗಿದೆ ಎಂದರ್ಥ. ಚುರ್ರೆಂದು ತಕ್ಷಣ ತೇಲಿದರೆ ಎಣ್ಣೆ ಹೆಚ್ಚು ಕಾದಿದೆ.

ಬಾಣಲೆಗೆ ಬಿದ್ದ ಚಿರೋಟಿಯಲ್ಲಿ ಎರಡು ಬದಲಾವಣೆಗಳು ಒಟ್ಟಿಗೆ ನಡೆಯುತ್ತವೆ. ಸಾಟಿಯ ತುಪ್ಪ ಕರಗಿ ಹಾಳೆಗಳ ನಡುವೆ ಜಾಗ ಬಿಡುತ್ತದೆ. ಕಣಕದಲ್ಲಿರುವ ನೀರು ಆವಿಯಾಗಿ ಆ ಜಾಗವನ್ನು ಹಿಗ್ಗಿಸುತ್ತದೆ. ಎಣ್ಣೆ ಅತಿಯಾಗಿ ಕಾದಿದ್ದರೆ ಹಾಳೆಗಳು ಬೇರೆಯಾಗುವ ಮೊದಲೇ ಹೊರಮೈ ಗಟ್ಟಿಯಾಗಿ, ಒಳಭಾಗ ಹಸಿಯಾಗಿ ಉಳಿಯುತ್ತದೆ. ಎಣ್ಣೆ ಕಾಯದಿದ್ದರೆ ಆವಿ ಸಾಲದೆ ಪದರಗಳು ಎಣ್ಣೆಯನ್ನೇ ಕುಡಿಯುತ್ತವೆ. ಅನುಭವಿಗಳು ಚಿರೋಟಿ ಮೇಲೆ ತೇಲುತ್ತಿದ್ದಂತೆ ಸೌಟಿನಿಂದ ಬಿಸಿ ಎಣ್ಣೆಯನ್ನು ಅದರ ನಡುಭಾಗಕ್ಕೆ ಮತ್ತೆ ಮತ್ತೆ ಹನಿಸುತ್ತಾರೆ. ಇದರಿಂದ ಸುರುಳಿಯ ಸುತ್ತುಗಳು ಒಂದೊಂದಾಗಿ ಅರಳುತ್ತವೆ. ಮಗುಚುವುದು ಒಂದೇ ಸಲ. ಬಣ್ಣ ಬೆಳ್ಳಗೆ ಅಥವಾ ತೀರಾ ತಿಳಿಯಾದ ಹೊಂಬಣ್ಣಕ್ಕೆ ನಿಲ್ಲಬೇಕು. ಕೆಂಪಗೆ ಕರಿದ ಚಿರೋಟಿ ಹಾಲಿನಲ್ಲಿ ಕಹಿ ಬಿಡುತ್ತದೆ. ಎಣ್ಣೆಯಿಂದ ತೆಗೆದ ಮೇಲೆ ಮಲಗಿಸದೆ, ಜಾಲರಿಯ ಬುಟ್ಟಿಯಲ್ಲಿ ಓರೆಯಾಗಿ ನಿಲ್ಲಿಸಿ ಎಣ್ಣೆ ಇಳಿಸುವುದು ವಾಡಿಕೆ.

ಕೆಲವು ಮನೆಗಳಲ್ಲಿ ಈಗ ಚಿರೋಟಿಯನ್ನು ಒವನ್‌ನಲ್ಲಿ ಬೇಯಿಸುತ್ತಾರೆ. ಎಣ್ಣೆ ಉಳಿತಾಯವಾಗುತ್ತದೆ. ಆದರೆ ಸುತ್ತಲಿನಿಂದ ಒಮ್ಮೆಲೇ ಬಿಸಿ ಕೊಡುವ, ಹಾಳೆಗಳ ನಡುವೆ ನುಗ್ಗುವ ಎಣ್ಣೆ ಅಲ್ಲಿ ಇಲ್ಲದಿರುವುದರಿಂದ ಅದು ಬಿಸ್ಕತ್ತಿನಂತೆ ಬಿಗಿಯಾಗಿರುತ್ತದೆ, ಹೂವಿನಂತೆ ಅರಳುವುದಿಲ್ಲ.

ಬಡಿಸುವ ಕ್ರಮ

ಬಾಳೆಲೆಯ ಊಟದಲ್ಲಿ ಚಿರೋಟಿಯನ್ನು ಮೊದಲು ಬಡಿಸಿ, ಅದರ ಮೇಲೆ ಏಲಕ್ಕಿ ಬೆರೆಸಿದ ಪುಡಿಸಕ್ಕರೆ ಅಥವಾ ಬೂರಾ ಸಕ್ಕರೆಯನ್ನು ಹಾಕಿ, ಕೊನೆಗೆ ಬಾದಾಮಿ ಹಾಲನ್ನು ಎರೆಯುತ್ತಾರೆ. ಬಾದಾಮಿ ಹಾಲಿಗೆ ನೆನೆಸಿ ಸಿಪ್ಪೆ ತೆಗೆದ ಬಾದಾಮಿಯನ್ನು ನುಣ್ಣಗೆ ರುಬ್ಬಿ, ಕುದಿಯುವ ಹಾಲಿಗೆ ಸೇರಿಸಿ, ಸಕ್ಕರೆ, ಕೇಸರಿ ಮತ್ತು ಏಲಕ್ಕಿಯನ್ನು ಹಾಕುತ್ತಾರೆ. ಉಣ್ಣುವವರು ಹಾಲು ಬರುವ ಮೊದಲೇ ಚಿರೋಟಿಯನ್ನು ಕೈಯಿಂದ ಮುರಿದು ಗುಡ್ಡೆ ಮಾಡಿಕೊಳ್ಳುವುದು ರೂಢಿ. ಇಲ್ಲವಾದರೆ ಹಾಲು ಎಲೆಯ ಮೇಲೆ ಪಲ್ಯ, ಕೋಸಂಬರಿಗಳ ಕಡೆಗೆ ಹರಿಯುತ್ತದೆ.

ಹಾಲನ್ನು ಕೊನೆಯ ಗಳಿಗೆಯವರೆಗೆ ದೂರವಿಡುವುದಕ್ಕೆ ಕಾರಣ ಸರಳವಾದುದು. ಗರಿಗರಿಯಾದ ಪದರ ಮತ್ತು ತೇವ ಒಂದಕ್ಕೊಂದು ಆಗದ ವಸ್ತುಗಳು. ಹಾಲು ಎರೆದ ಚಿರೋಟಿಯಲ್ಲಿ ಕೆಲವು ಪದರ ನೆನೆದು ಮೆತ್ತಗಾಗಿರಬೇಕು, ಕೆಲವು ಇನ್ನೂ ಗರಿಗರಿಯಾಗಿರಬೇಕು. ಈ ಸ್ಥಿತಿ ಹೆಚ್ಚು ಹೊತ್ತು ಇರುವುದಿಲ್ಲ. ಮಹಾರಾಷ್ಟ್ರದಲ್ಲಿ ಪ್ರಚಲಿತವಾದ ಪಾಕದ ಚಿರೋಟಿಯಲ್ಲಿ ಇದೇ ಸಮಸ್ಯೆಗೆ ಬೇರೆ ಪರಿಹಾರವಿದೆ. ಕರಿದ ಚಿರೋಟಿಯನ್ನು ಗಟ್ಟಿ ಸಕ್ಕರೆ ಪಾಕದಲ್ಲಿ ಕ್ಷಣಕಾಲ ಅದ್ದಿ ತೆಗೆದಾಗ ಪಾಕವು ಪದರಗಳ ಮೇಲೆಯೇ ಒಣಗಿ ಹೊದಿಕೆಯಾಗುತ್ತದೆ, ಒಳಗೆ ಇಳಿಯುವುದಿಲ್ಲ.

ಪ್ರಾದೇಶಿಕ ಬಳಕೆ

ಮೈಸೂರು, ಬೆಂಗಳೂರು ಸೀಮೆಗಳಲ್ಲಿ ಚಿರೋಟಿಯು ಮೊದಲಿನಿಂದಲೂ ಮದುವೆಯೂಟದ ಪ್ರತಿಷ್ಠೆಯ ಭಕ್ಷ್ಯ. ಮಹಾರಾಷ್ಟ್ರದಲ್ಲಿ ಅದು ದೀಪಾವಳಿಯ ಫರಾಳದ ತಟ್ಟೆಗೆ ಸೇರಿದೆ. ಯಾದಗಿರಿ, ಶಹಾಪುರ, ಸುರಪುರಗಳನ್ನೊಳಗೊಂಡ ಕಲ್ಯಾಣ ಕರ್ನಾಟಕದ ಹಳ್ಳಿಗಳ ಹಬ್ಬದಡುಗೆಯ ನೆಲೆ ಬೇರೆ. ಜೋಳದ ರೊಟ್ಟಿಯೇ ನಿತ್ಯದ ಊಟವಾಗಿರುವ ಈ ಭಾಗದಲ್ಲಿ ಗೋಧಿ ಹಬ್ಬದ ಧಾನ್ಯ. ಹೋಳಿಗೆ, ಕಡುಬು, ಮಾದಲಿ ಇಲ್ಲಿನ ಮುಖ್ಯ ಗೋಧಿಯ ಸಿಹಿಗಳು. ಇವೆಲ್ಲವೂ ಬೆಲ್ಲವನ್ನೋ ಬೇಳೆಯ ಹೂರಣವನ್ನೋ ಆಧರಿಸಿದ, ಒಮ್ಮೆಗೆ ಹೆಚ್ಚು ಜನರಿಗೆ ಮಾಡಬಹುದಾದ ಅಡುಗೆಗಳು. ತುಪ್ಪ, ಸಕ್ಕರೆ, ಬಾದಾಮಿ, ಬಿಡುವು ಇವೆಲ್ಲವನ್ನೂ ಬೇಡುವ ಚಿರೋಟಿಗೆ ಅಲ್ಲಿ ಅಂತಹ ಸ್ಥಾನವಿಲ್ಲ.

ಉತ್ತರ ಕರ್ನಾಟಕದ, ವಿಶೇಷವಾಗಿ ಬೆಳಗಾವಿ ಸೀಮೆಯ, ಮಂಡಿಗೆಯನ್ನು ಚಿರೋಟಿಯ ದಾಯಾದಿ ಎನ್ನಬಹುದು. ಬೋರಲು ಹಾಕಿದ ಬಿಸಿ ಪಾತ್ರೆಯ ಮೇಲೆ ಕರವಸ್ತ್ರದಷ್ಟು ಅಗಲವಾದ ತೆಳು ಹಾಳೆಯನ್ನು ಬೇಯಿಸಿ, ಸಕ್ಕರೆ, ತುಪ್ಪ ಅಥವಾ ಖೋವಾ ಸೇರಿದ ಸಿಹಿಯೊಂದಿಗೆ ಮಡಿಸಿ ಅದನ್ನು ಸಿದ್ಧಪಡಿಸುತ್ತಾರೆ. ಅದರಲ್ಲಿಯೂ ಪದರಗಳಿವೆ. ಆದರೆ ಅವು ಬೇಯಿಸಿದ ಮೇಲೆ ಮಡಿಕೆಯಿಂದ ಬಂದವು, ಚಿರೋಟಿಯ ಪದರಗಳಂತೆ ಕಣಕದಲ್ಲಿಯೇ ಕಟ್ಟಿದವಲ್ಲ.

ಬೆಂಗಳೂರಿನಲ್ಲಿ 1924ರಲ್ಲಿ ಆರಂಭವಾದ ಮಾವಳ್ಳಿ ಟಿಫಿನ್ ರೂಮ್ಸ್‌ನಲ್ಲಿ ಭಾನುವಾರಗಳಂದು ದೊರೆಯುವ ಚಂದ್ರಹಾರವೂ ಇದೇ ಬಳಗದ್ದು. ಲಟ್ಟಿಸಿದ ಕಣಕವನ್ನು ತ್ರಿಕೋನವಾಗಿ ಮಡಿಸಿ, ಮಡಿಕೆ ಬಿಚ್ಚದಂತೆ ಲವಂಗ ಚುಚ್ಚಿ ಕರಿದು, ಮೇಲೆ ಖೋವಾ ಸೇರಿದ ಗಟ್ಟಿ ಸಿಹಿಹಾಲನ್ನು ಎರೆಯುತ್ತಾರೆ. ಮಡಿಕೆಯ ವಿಧಾನ ಬೇರೆಯಾದರೂ ಗರಿಗರಿ ಪದರ ಮತ್ತು ಹಾಲಿನ ಜೋಡಿ ಚಿರೋಟಿಯದೇ.

ಬೇಕರಿಯ ಪದರಗಳು

ಕರ್ನಾಟಕದಲ್ಲಿ ಪದರದ ಕಣಕ ಎಂದರೆ ಇಂದು ಬಹಳ ಜನರಿಗೆ ಮೊದಲು ನೆನಪಾಗುವುದು ಬೇಕರಿಯ ಪಫ್. ಹಾಸನ ಸೀಮೆಯಿಂದ ಬೆಂಗಳೂರಿಗೆ ಬಂದ ಅಯ್ಯಂಗಾರ್ ಕುಟುಂಬಗಳು ಆರಂಭಿಸಿದ, ಮೊಟ್ಟೆ ಬಳಸದ ಬೇಕರಿಗಳು ರಾಜ್ಯದ ಊರೂರಿಗೆ ಹರಡಿ, ತರಕಾರಿ ಪಲ್ಯ ತುಂಬಿದ ಪಫ್ ಮತ್ತು ಕೊಬ್ಬರಿಯ ಸಿಹಿ ಹೂರಣವಿರುವ ದಿಲ್‌ಪಸಂದ್‌ಗಳನ್ನು ಪರಿಚಯಿಸಿದವು. ಪಫ್‌ನ ಹಾಳೆಯನ್ನು ಸುತ್ತುವುದಿಲ್ಲ, ಮಡಿಸುತ್ತಾರೆ. ಕಣಕದ ನಡುವೆ ಕೊಬ್ಬಿನ ಹಲಗೆಯೊಂದನ್ನು ಇಟ್ಟು, ಲಟ್ಟಿಸಿ, ಮೂರಾಗಿ ಮಡಿಸಿ, ತಂಪಾಗಿಸಿ, ಮತ್ತೆ ಲಟ್ಟಿಸುತ್ತಾರೆ. ಹೀಗೆ ಆರು ಸಲ ಮೂರುಮಡಿಕೆ ಮಾಡಿದರೆ ಲೆಕ್ಕದ ಪ್ರಕಾರ 729 ಕೊಬ್ಬಿನ ಪದರಗಳಾಗುತ್ತವೆ. ಐದು ಹಾಳೆಗಳ ಚಿರೋಟಿಯನ್ನು ನಾಲ್ಕೈದು ಸುತ್ತು ಸುತ್ತಿದರೂ ಕೇಂದ್ರದಿಂದ ಅಂಚಿನವರೆಗೆ ಬರುವ ಪದರಗಳು ಇಪ್ಪತ್ತು, ಇಪ್ಪತ್ತೈದು. ಆದುದರಿಂದಲೇ ಪಫ್‌ನ ಪದರ ನಾಲಿಗೆಗೆ ತಿಳಿಯುತ್ತದೆ, ಚಿರೋಟಿಯ ಪದರ ಕಣ್ಣಿಗೂ ಕಾಣುತ್ತದೆ.

ಉಬ್ಬುವ ಕಾರಣದಲ್ಲಿಯೂ ವ್ಯತ್ಯಾಸವಿದೆ. ಬೆಣ್ಣೆಯಲ್ಲಿ ಸುಮಾರು ಶೇಕಡಾ 16ರಷ್ಟು ನೀರಿರುತ್ತದೆ. ಒವನ್‌ನ ಬಿಸಿಗೆ ಅದೂ ಆವಿಯಾಗಿ ಹಾಳೆಗಳನ್ನು ಎತ್ತುತ್ತದೆ. ತುಪ್ಪದಲ್ಲಿ ನೀರು ಇಲ್ಲವೆನ್ನುವಷ್ಟು ಕಡಿಮೆ. ಹಾಗಾಗಿ ಚಿರೋಟಿ ಅರಳುವುದಕ್ಕೆ ಬೇಕಾದ ಆವಿಯೆಲ್ಲ ಕಣಕದಿಂದಲೇ ಬರಬೇಕು.

ಇತರ ಪರಂಪರೆಗಳೊಂದಿಗೆ ಹೋಲಿಕೆ

ಸುತ್ತಿ ಕತ್ತರಿಸುವ ಚಿರೋಟಿಯ ವಿಧಾನಕ್ಕೆ ಅತ್ಯಂತ ಹತ್ತಿರದ ಹೋಲಿಕೆ ದೊರೆಯುವುದು ಇಟಲಿಯ ನೇಪಲ್ಸ್ ನಗರದ ಸ್ಫೋಲ್ಯಾತೆಲ್ಲಾ ಎಂಬ ಸಿಹಿಯಲ್ಲಿ. ಅಲ್ಲಿಯೂ ಅತಿ ತೆಳುವಾದ ಹಾಳೆಗೆ ಕೊಬ್ಬನ್ನು ಸವರಿ, ಬಿಗಿಯಾಗಿ ಸುತ್ತಿ, ಬಿಲ್ಲೆಗಳಾಗಿ ಕತ್ತರಿಸುತ್ತಾರೆ. ಬಿಲ್ಲೆಯನ್ನು ಚಪ್ಪಟೆಯಾಗಿ ಲಟ್ಟಿಸುವ ಬದಲು ಹೆಬ್ಬೆರಳುಗಳಿಂದ ಶಂಖದಾಕಾರಕ್ಕೆ ತಿದ್ದಿ, ರಿಕೋಟಾ ಎಂಬ ಹಸಿ ಚೀಸ್ ಮತ್ತು ಬೇಯಿಸಿದ ರವೆಯ ಹೂರಣ ತುಂಬಿ ಒವನ್‌ನಲ್ಲಿ ಬೇಯಿಸುತ್ತಾರೆ. ರೂಢಿಯಲ್ಲಿ ಅಲ್ಲಿ ಬಳಸುವುದು ಹಂದಿಯ ಕೊಬ್ಬು.

ಹಬ್ಬದ ದಿನ ಹಾಲಿನ ಸಿಹಿ ಮತ್ತು ಪದರದ ಕಣಕವನ್ನು ಒಟ್ಟಿಗೆ ತರುವ ಇನ್ನೊಂದು ಸಂಪ್ರದಾಯ ಯಹೂದಿಗಳ ಶಾವುವೋತ್ ಹಬ್ಬದ ಚೀಸ್‌ಕೇಕ್. ಯಹೂದಿ ಪಂಚಾಂಗದ ಸಿವಾನ್ ತಿಂಗಳ 6ನೆಯ ದಿನ, ಪಸ್ಕ ಹಬ್ಬದ ಏಳು ವಾರಗಳ ನಂತರ, ಸಾಮಾನ್ಯವಾಗಿ ಮೇ ಅಥವಾ ಜೂನ್‌ನಲ್ಲಿ ಬರುವ ಶಾವುವೋತ್ ಮೂಲತಃ ಗೋಧಿ ಕೊಯ್ಲಿನ ಹಬ್ಬ. ಸೀನಾಯ್ ಬೆಟ್ಟದಲ್ಲಿ ಧರ್ಮಗ್ರಂಥವಾದ ತೋರಾ ದೊರೆತ ದಿನವೆಂದೂ ಅದನ್ನು ಆಚರಿಸುತ್ತಾರೆ. ಆ ದಿನ ಹಾಲಿನ ಆಹಾರವನ್ನು ಸೇವಿಸುವ ರೂಢಿಯನ್ನು ಪೋಲೆಂಡಿನ ಕ್ರಾಕೋವ್‌ನ ಧರ್ಮಶಾಸ್ತ್ರಜ್ಞ ಮೋಸೆಸ್ ಇಸ್ಸೆರ್ಲೆಸ್ 16ನೆಯ ಶತಮಾನದಲ್ಲಿ ದಾಖಲಿಸಿದ್ದಾರೆ. ಯಹೂದಿ ಆಹಾರ ನಿಯಮದಲ್ಲಿ ಮಾಂಸ ಮತ್ತು ಹಾಲನ್ನು ಒಟ್ಟಿಗೆ ಸೇವಿಸುವಂತಿಲ್ಲ. ಆದ್ದರಿಂದ ಬೆಣ್ಣೆಯಿಂದ ಮಾಡಿದ ಪದರದ ಕಣಕಕ್ಕೆ ಮಾಂಸದೂಟದಲ್ಲಿ ಸ್ಥಾನವಿಲ್ಲ; ಅಂತಹ ಊಟಕ್ಕೆ ಹಾಲಿನ ಅಂಶವಿಲ್ಲದ ಮಾರ್ಗರಿನ್ ಬಳಸುತ್ತಾರೆ. ಹಾಲಿನದೇ ಊಟವಾದ ಶಾವುವೋತ್‌ನಲ್ಲಿ ಬೆಣ್ಣೆಗೆ ಅಡ್ಡಿಯಿಲ್ಲ. ಯಾವ ಕೊಬ್ಬು ಬಳಸಬೇಕೆಂಬುದನ್ನು ರುಚಿಗಿಂತ ಮೊದಲು ಆಹಾರ ನಿಯಮ ನಿರ್ಧರಿಸುವುದು, ಮೊಟ್ಟೆಯನ್ನೂ ಪ್ರಾಣಿಯ ಕೊಬ್ಬನ್ನೂ ಮುಟ್ಟದ ಚಿರೋಟಿಯ ಅಡುಗೆಮನೆಗೂ ಹೊಸದಲ್ಲ.

ಈ ಚೀಸ್‌ಕೇಕ್‌ಗೆ ಬಳಸುವುದು ಪೂರ್ವ ಯುರೋಪಿನ ತ್ವೋರೋಗ್ ಅಥವಾ ಇಸ್ರೇಲಿನ ‘ಬಿಳಿ ಚೀಸ್’ನಂತಹ ಹುಳಿ ಹಾಕಿದ ಹಸಿ ಚೀಸ್. ಬಟ್ಟೆಯಲ್ಲಿ ಕಟ್ಟಿ ನೀರಿಳಿಸಿದ ಗಟ್ಟಿ ಮೊಸರು ಇದಕ್ಕೆ ಹತ್ತಿರವಾದುದು. ಮೊಟ್ಟೆ, ಸಕ್ಕರೆ ಬೆರೆಸಿದ ಈ ಹೂರಣ ತೇವದಿಂದ ಕೂಡಿದ್ದು, ಪದರದ ಕಣಕದ ಮೇಲೆ ಹಾಗೆಯೇ ಸುರಿದರೆ ತಳ ಹಸಿಯಾಗಿ ಉಳಿಯುತ್ತದೆ. ಅದಕ್ಕಾಗಿ ಚೀಸಿನ ನೀರನ್ನು ಮೊದಲೇ ಇಳಿಸುತ್ತಾರೆ, ತಳದ ಕಣಕವನ್ನು ಹೂರಣ ಹಾಕುವ ಮುನ್ನ ಬರಿದಾಗಿ ಅರ್ಧ ಬೇಯಿಸುತ್ತಾರೆ, ಹೂರಣಕ್ಕೆ ಸ್ವಲ್ಪ ರವೆಯನ್ನು ಸೇರಿಸಿ ತೇವ ಹೀರುವಂತೆ ಮಾಡುತ್ತಾರೆ. ಚಿರೋಟಿ ಮಾಡುವವರು ಹಾಲನ್ನು ಊಟದೆಲೆಯವರೆಗೆ ದೂರವಿಟ್ಟು ತಪ್ಪಿಸಿಕೊಳ್ಳುವ ತೊಡಕನ್ನು ಚೀಸ್‌ಕೇಕ್ ಮಾಡುವವರು ಒವನ್‌ನ ಒಳಗೇ ಎದುರಿಸಬೇಕಾಗುತ್ತದೆ.

ತುಪ್ಪ ಮತ್ತು ವನಸ್ಪತಿ

1937ರಲ್ಲಿ ಭಾರತದ ಮಾರುಕಟ್ಟೆಗೆ ಬಂದ ಡಾಲ್ಡಾ ಮತ್ತು ಅನಂತರದ ಇತರ ವನಸ್ಪತಿಗಳು ಚಿರೋಟಿಯ ತಯಾರಿಕೆಯ ಮೇಲೆ ಪ್ರಭಾವ ಬೀರಿದವು. ವನಸ್ಪತಿಯ ಬೆಲೆ ತುಪ್ಪಕ್ಕಿಂತ ಕಡಿಮೆ. ಅದಕ್ಕಿಂತ ಮುಖ್ಯವಾಗಿ, ಅದು ಸಾಮಾನ್ಯ ಉಷ್ಣತೆಯಲ್ಲಿ ತುಪ್ಪಕ್ಕಿಂತ ಗಟ್ಟಿಯಾಗಿದ್ದು ಸಾಟಿಯನ್ನು ಕರಗದಂತೆ ಕಾಯುತ್ತದೆ. ಬೇಸಿಗೆಯ ಮದುವೆಗಳಲ್ಲಿ ಸಾವಿರಾರು ಚಿರೋಟಿಗಳನ್ನು ಮಾಡುವ ಅಡುಗೆಯವರಿಗೆ ಇದು ದೊಡ್ಡ ಅನುಕೂಲ. ಪದರಗಳೂ ಎದ್ದು ಕಾಣುತ್ತವೆ. ಆದರೆ ಬಾಯಿಯ ಬಿಸಿಗೆ ಪೂರ್ತಿ ಕರಗದೆ ಅಂಗುಳಿಗೆ ಮೇಣದಂತೆ ಅಂಟುವುದು ಅದರ ದೋಷ. ಭಾಗಶಃ ಹೈಡ್ರೋಜನೀಕರಿಸಿದ ಎಣ್ಣೆಗಳಲ್ಲಿರುವ ಟ್ರಾನ್ಸ್ ಕೊಬ್ಬು ಹೃದ್ರೋಗದ ಅಪಾಯವನ್ನು ಹೆಚ್ಚಿಸುತ್ತದೆಂಬುದು ದೃಢಪಟ್ಟ ಮೇಲೆ ಭಾರತೀಯ ಆಹಾರ ಸುರಕ್ಷತೆ ಮತ್ತು ಗುಣಮಟ್ಟ ಪ್ರಾಧಿಕಾರವು ಎಣ್ಣೆ ಮತ್ತು ಕೊಬ್ಬುಗಳಲ್ಲಿ ಕೈಗಾರಿಕಾ ಟ್ರಾನ್ಸ್ ಕೊಬ್ಬಿನ ಮಿತಿಯನ್ನು 2021ರ ಜನವರಿಯಿಂದ ಶೇಕಡಾ 3ಕ್ಕೂ 2022ರ ಜನವರಿಯಿಂದ ಶೇಕಡಾ 2ಕ್ಕೂ ಇಳಿಸಿತು.

ಸಂಗ್ರಹ

ಸಕ್ಕರೆ ಹಾಕದ ಚಿರೋಟಿಯನ್ನು ಪೂರ್ತಿ ಆರಿದ ಮೇಲೆ ಗಾಳಿಯಾಡದ ಡಬ್ಬಿಯಲ್ಲಿಟ್ಟರೆ ಒಂದು ವಾರಕ್ಕೂ ಹೆಚ್ಚು ಕಾಲ ಕೆಡುವುದಿಲ್ಲ. ಬಿಸಿಯಿರುವಾಗಲೇ ಮುಚ್ಚಿಟ್ಟರೆ ಒಳಗಿನ ಆವಿ ನೀರಾಗಿ ಪದರಗಳನ್ನು ಮೆತ್ತಗಾಗಿಸುತ್ತದೆ. ಪುಡಿಸಕ್ಕರೆಯೂ ಗಾಳಿಯ ತೇವವನ್ನು ಸೆಳೆಯುವುದರಿಂದ ಅದನ್ನು ಬಡಿಸುವಾಗಲೇ ಹಾಕುತ್ತಾರೆ. ಮದುವೆಯ ಅಡುಗೆಯವರು ಚಿರೋಟಿಯನ್ನು ಒಂದೆರಡು ದಿನ ಮೊದಲೇ ಕರಿದು ಕಾಗದ ಹಾಸಿದ ಬುಟ್ಟಿಗಳಲ್ಲಿ ಜೋಡಿಸಿಡುತ್ತಾರೆ. ಬಾದಾಮಿ ಹಾಲನ್ನು ಮಾತ್ರ ಊಟದ ದಿನವೇ ಕಾಯಿಸುತ್ತಾರೆ.